ಎಲ್ಲರಿಗೂ ಮುಸ್ತಫಾನೇ ಬೇಕಿತ್ತು

2025ರ ಆಗಸ್ಟ್ 20ಕ್ಕೆ ಲೋಕಸಭೆ, 21ಕ್ಕೆ ರಾಜ್ಯಸಭೆ, 22ಕ್ಕೆ ರಾಷ್ಟ್ರಪತಿಗಳ ಅಂಕಿತ. ಆನ್‌ಲೈನ್ ಗೇಮಿಂಗ್ ಉತ್ತೇಜನ ಮತ್ತು ನಿಯಂತ್ರಣ ಕಾಯ್ದೆ ಬಂದದ್ದು ಹೀಗೆ, ಮೂರೇ ದಿನದಲ್ಲಿ. ದುಡ್ಡು ಕಟ್ಟಿ ಆಡುವ ರಮ್ಮಿ, ಪೋಕರ್, ಫ್ಯಾಂಟಸಿ ಕ್ರಿಕೆಟ್ ಎಲ್ಲ ಬಂದ್. ನಡೆಸಿದವರಿಗೆ ಮೂರು ವರ್ಷದವರೆಗೆ ಜೈಲು, ಒಂದು ಕೋಟಿ ರೂಪಾಯಿವರೆಗೆ ದಂಡ. ಸಾಲ ಮಾಡಿ ರಮ್ಮಿ ಆಡಿ ಮನೆ ಮುಳುಗಿಸಿಕೊಂಡವರನ್ನು ಹತ್ತಿರದಿಂದ ನೋಡಿದ ಯಾರಿಗೂ ಇದರ ಬಗ್ಗೆ ದೊಡ್ಡ ತಕರಾರು ಇರಲಿಕ್ಕಿಲ್ಲ, ನನಗೂ ಇಲ್ಲ. ಇಂಥ ಕಾನೂನನ್ನು ಸರಿಯಾಗಿ ಚರ್ಚೆಯೇ ಮಾಡದೆ ಪಾಸ್ ಮಾಡಿದ್ದಕ್ಕೆ ತಕರಾರು ಉಂಟು, ಅದು ಬೇರೆ ಮಾತು.

ನನ್ನ ಕುತೂಹಲ ಕಾಯ್ದೆಯ ಇನ್ನೊಂದು ಭಾಗದ ಬಗ್ಗೆ. ಅದು ಆಟಗಳನ್ನು ಮೂರು ಡಬ್ಬಿಗೆ ಹಾಕುತ್ತದೆ. ಒಂದು, ಹಣದ ಆಟ: ನಿಷೇಧ. ಎರಡು, ಇ-ಸ್ಪೋರ್ಟ್ಸ್: ಅದು ಕ್ರೀಡೆ, ಪ್ರೋತ್ಸಾಹ ಕೊಡಬೇಕು. ಮೂರು, ಆನ್‌ಲೈನ್ ಸೋಶಿಯಲ್ ಗೇಮ್: ಮನರಂಜನೆಯದ್ದು, ಕಲಿಕೆಯದ್ದು, ಇರಲಿ ಬಿಡಿ. ಈ 'ಸೋಶಿಯಲ್' ಅನ್ನುವ ಪದ ನೋಡಿ ನನಗೆ ನಗು ಬಂತು. ಹುಡುಗನೊಬ್ಬ ರಾತ್ರಿ ಹನ್ನೊಂದಕ್ಕೆ ಕಂಬಳಿಯೊಳಗೆ ಫೋನ್ ಹಿಡಿದು ಒಬ್ಬನೇ ಆಡುವುದು ಕಾನೂನಿನ ಪ್ರಕಾರ ಸೋಶಿಯಲ್. ಪೇಟೆಯ ಅಂಗಡಿಯಲ್ಲಿ ಮೂವರು ಒಂದೇ ಪರದೆ ಮುಂದೆ ಹೆಗಲಿಗೆ ಹೆಗಲು ತಾಗಿಸಿ ನಿಂತು, ಹಿಂದೆ ಏಳು ಜನ ಕಾಯುತ್ತಾ ಆಡುತ್ತಿದ್ದ ಆಟಕ್ಕೆ ಆ ಕಾಲದ ಸರ್ಕಾರದ ಕಡತದಲ್ಲಿ ಬೇರೆಯೇ ಹೆಸರಿತ್ತು. ಅದಕ್ಕೆ ಆಮೇಲೆ ಬರ್ತೇನೆ.

ಆ ಆಟ ಮುಸ್ತಫಾ. ನಲವತ್ತರ ಆಸುಪಾಸಿನ ಅಣ್ಣಂದಿರನ್ನು ಕೇಳಿ, ಹೆಸರು ಹೇಳಿದ ಕೂಡಲೇ ಹೆಬ್ಬೆರಳು ಆಡಿಸುತ್ತಾರೆ. ಪುತ್ತೂರು, ಉಪ್ಪಿನಂಗಡಿ, ಸುಳ್ಯದಂಥ ಪೇಟೆಗಳಲ್ಲಿ ಬಸ್‌ಸ್ಟ್ಯಾಂಡಿನ ಆಸುಪಾಸು ಇರುತ್ತಿದ್ದ ವಿಡಿಯೊ ಗೇಮ್ ಅಂಗಡಿಗಳಲ್ಲಿ, ಒಂದು ರೂಪಾಯಿ ಕಾಯಿನ್ ಹಾಕಿದರೆ ಒಂದು ಆಟ. ನಮ್ಮ ಆಲಂಕಾರಿನಂಥ ಹಳ್ಳಿಯ ಹುಡುಗರಿಗೆ ಅದು ಪೇಟೆಗೆ ಹೋದಾಗ ಮಾತ್ರ ಸಿಗುವ ಭಾಗ್ಯ. ಬಸ್ ತಪ್ಪಿಸಿಕೊಂಡದ್ದಕ್ಕೆ ಕಾರಣ ಅದೇ, ಮನೆಯಲ್ಲಿ ಬೈಗುಳ ತಿಂದದ್ದಕ್ಕೂ ಕಾರಣ ಅದೇ.

ಆಟದ ನಿಜವಾದ ಹೆಸರು 'ಕ್ಯಾಡಿಲಾಕ್ಸ್ ಅಂಡ್ ಡೈನೋಸಾರ್ಸ್'. ಜಪಾನಿನ ಕ್ಯಾಪ್ಕಾಮ್ ಕಂಪೆನಿ 1993ರಲ್ಲಿ ಮಾಡಿದ್ದು. ಮೂಲ, ಅಮೆರಿಕದ ಮಾರ್ಕ್ ಶುಲ್ಟ್ಸ್ ಬರೆದು ಚಿತ್ರಿಸಿದ 'ಝೀನೊಝೋಯಿಕ್ ಟೇಲ್ಸ್' ಅನ್ನುವ ಕಾಮಿಕ್ಸ್. ಅದನ್ನು ಆಧರಿಸಿ ಅಮೆರಿಕದ ಸಿಬಿಎಸ್ ಚಾನೆಲ್ 1993ರಲ್ಲಿ ಕಾರ್ಟೂನ್ ಧಾರಾವಾಹಿ ಶುರು ಮಾಡಿತು, ಅದರ ಜೊತೆಜೊತೆಗೇ ಬಂದದ್ದು ಈ ಹೊಡೆದಾಟದ ಗೇಮ್. ಧಾರಾವಾಹಿ 13 ಕಂತಿಗೆ ನಿಂತುಹೋಯಿತು. ನಮ್ಮ ಕಡೆ ಆ ಕಾರ್ಟೂನ್ ನೋಡಿದ ಒಬ್ಬನೇ ಒಬ್ಬನನ್ನೂ ನಾನು ಇನ್ನೂ ಭೇಟಿಯಾಗಿಲ್ಲ. ಆದರೆ ಅದಕ್ಕೆ ಪ್ರಚಾರಕ್ಕೆಂದು ಬಂದ ಗೇಮ್ ಮಾತ್ರ ಭಾರತ, ಪಾಕಿಸ್ತಾನ, ಬಾಂಗ್ಲಾದೇಶ ಮೂರರಲ್ಲೂ ಒಂದು ತಲೆಮಾರಿನ ಬಾಲ್ಯವೇ ಆಗಿಬಿಟ್ಟಿತು. ಮತ್ತೆ ಮೂರೂ ದೇಶದಲ್ಲಿ ಅದಕ್ಕೆ ಒಂದೇ ಹೆಸರು: ಮುಸ್ತಫಾ ಗೇಮ್.

ಯಾಕೆ ಮುಸ್ತಫಾ? ಆಟದಲ್ಲಿ ಆರಿಸಿಕೊಳ್ಳಲಿಕ್ಕೆ ನಾಲ್ಕು ಪಾತ್ರ. ಜಾಕ್ ಟೆನ್ರೆಕ್, ಕತೆಯ ನಿಜವಾದ ಹೀರೊ, ಹಳೆ ಕಾರು ರಿಪೇರಿ ಮಾಡುವವ. ಹ್ಯಾನಾ ಡಂಡಿ, ಹೆಣ್ಣು. ಮೆಸ್, ದಢೂತಿ. ಮತ್ತೆ ಮುಸ್ತಫಾ ಕೈರೊ, ಜಾಕ್‌ನ ಸ್ನೇಹಿತ, ಎಂಜಿನಿಯರ್, ಕಪ್ಪು ಬಣ್ಣದ ಹುಡುಗ, ತಲೆಗೆ ಕ್ಯಾಪ್. ನಾಲ್ವರಲ್ಲಿ ವೇಗ ಜಾಸ್ತಿ ಅವನದ್ದೇ. ಓಡಿ ಬಂದು ಹಾರಿ ಒದ್ದ ಅಂದರೆ ಎದುರಿನ ನಾಲ್ಕು ಜನ ಚೆಲ್ಲಾಪಿಲ್ಲಿ. ಕಂಪೆನಿ ಹೀರೊ ಅಂತ ತೋರಿಸಿದ್ದು ಜಾಕ್‌ನನ್ನು, ನಮ್ಮ ಹುಡುಗರು ಹೀರೊ ಮಾಡಿದ್ದು ಮುಸ್ತಫಾನನ್ನು. ವೇಗ ಒಂದು ಕಾರಣ. ಇನ್ನೊಂದು ನನ್ನ ಊಹೆ: ಆ ನಾಲ್ಕು ಹೆಸರಲ್ಲಿ ನಾಲಿಗೆಗೆ ಸಲೀಸಾಗಿ ಬರುತ್ತಿದ್ದದ್ದು, ಕ್ಲಾಸಿನ ಹಾಜರಿ ಪುಸ್ತಕದಲ್ಲಿ ಕೇಳಿ ಗೊತ್ತಿದ್ದದ್ದು, ಅದೊಂದೇ. ಟೆನ್ರೆಕ್ ಅಂತ ಹೇಳಲಿಕ್ಕೆ ಯಾರಿಗೆ ಬರ್ತದೆ ಮಾರಾಯ್ರೆ?

ಇಸವಿಯನ್ನು ಇನ್ನೊಮ್ಮೆ ನೋಡಿ. 1993. ಬಾಬರಿ ಮಸೀದಿ ಕೆಡವಿದ್ದು 1992ರ ಡಿಸೆಂಬರ್ 6ಕ್ಕೆ. ದೇಶ ಹೊತ್ತಿ ಉರಿದ ಆ ದಿನಗಳ ಬೆನ್ನಿಗೇ ತಯಾರಾದ ಒಂದು ಆಟ, ಮುಂದಿನ ಹತ್ತು ವರ್ಷ ಈ ದೇಶದ ಹುಡುಗರ ಕೈಗೆ ಬಂತು. ಶೆಟ್ಟರ ಮಗ, ಬ್ಯಾರಿಗಳ ಮಗ, ಗೌಡರ ಮಗ, ಭಟ್ಟರ ಮಗ, ಎಲ್ಲರೂ ಬಡಿದಾಡಿದ್ದು 'ಮುಸ್ತಫಾ ನಂಗೆ, ನೀನು ಜಾಕ್ ತಗೋ' ಅಂತ. ಭಾಷೆ ತುಳುವೋ, ಬ್ಯಾರಿಯೋ, ಅರೆಭಾಷೆಯೋ, ಜಗಳ ಒಂದೇ.

ಹಾಗಂತ ಆ ಆಟ ನಮ್ಮನ್ನೆಲ್ಲ ಸೌಹಾರ್ದದ ಪುತ್ಥಳಿಗಳನ್ನಾಗಿ ಮಾಡಿತು ಅಂತ ಕತೆ ಕಟ್ಟಲಾರೆ. ಅಂದು ಮುಸ್ತಫಾ ಆಡಿದ ಕೈಗಳಲ್ಲಿ ಕೆಲವು ಇವತ್ತು ವಾಟ್ಸಾಪ್‌ನಲ್ಲಿ ಏನೇನು ಫಾರ್ವರ್ಡ್ ಮಾಡುತ್ತಿವೆ ಅಂತ ನಿಮಗೂ ಗೊತ್ತು, ನನಗೂ ಗೊತ್ತು. ಪರದೆ ಮೇಲಿನ ಒಂದು ಹೆಸರಿಗೆ ಮನಸ್ಸು ಬದಲಾಯಿಸುವ ಶಕ್ತಿ ಇಲ್ಲ. ನನಗೆ ಮುಖ್ಯ ಅನ್ನಿಸುವುದು ಪರದೆಯ ಹೊರಗೆ ನಡೆಯುತ್ತಿದ್ದದ್ದು.

ಒಂದು ಮೆಷಿನ್ ಅಂದರೆ ಮರದ ಡಬ್ಬಿ, ಟಿವಿ ಪಿಕ್ಚರ್ ಟ್ಯೂಬ್, ಒಳಗೊಂದು ಸರ್ಕ್ಯೂಟ್ ಬೋರ್ಡ್. ಯಾರ ಮನೆಗೂ ತರಲಿಕ್ಕೆ ಆಗದಷ್ಟು ದುಬಾರಿ. ಹಾಗಾಗಿ ಆಡಬೇಕಾದರೆ ಅಂಗಡಿಗೇ ಹೋಗಬೇಕು, ಅಲ್ಲಿ ಯಾರಿದ್ದರೂ ಅವರ ಜೊತೆಗೇ ಆಡಬೇಕು. ಇದು ಕೊನೆಕೊನೆಗೆ ಬಹಳ ಕಷ್ಟದ ಆಟ, ಒಬ್ಬನೇ ಆಡಿದರೆ ರೂಪಾಯಿ ಬೇಗ ಖಾಲಿ. ಮೂವರು ಸೇರಿದರೆ ಮುಂದೆ ಹೋಗಬಹುದು. ಅಂಗಡಿಯವನಿಗೂ ಮೂವರು ನಿಂತರೆ ಒಂದೇ ಸಲಕ್ಕೆ ಮೂರು ಕಾಯಿನ್. ಅವನಿಗೆ ಸೌಹಾರ್ದ ಬೇಕಿರಲಿಲ್ಲ, ವ್ಯಾಪಾರ ಬೇಕಿತ್ತು. ಆದರೆ ಆ ವ್ಯಾಪಾರದ ಲೆಕ್ಕಾಚಾರವೇ ಗುರುತಿಲ್ಲದ ಮೂವರನ್ನು ಒಟ್ಟಿಗೆ ನಿಲ್ಲಿಸುತ್ತಿತ್ತು. ಡ್ರಮ್ ಒಡೆದಾಗ ಬೀಳುವ ತಿಂಡಿಯನ್ನು ಯಾರ ಪ್ರಾಣ ಕಡಿಮೆ ಉಂಟೋ ಅವನಿಗೆ ಬಿಡಬೇಕು. ಬಿಡದೆ ಎಲ್ಲವನ್ನೂ ತಾನೇ ತಿಂದವನ ಜೊತೆ ಮುಂದಿನ ಸಲ ಯಾರೂ ಆಡುವುದಿಲ್ಲ. ತನ್ನ ಸರದಿ ಗುರುತಿಗೆ ಮೆಷಿನ್ ಅಂಚಲ್ಲಿ ಕಾಯಿನ್ ಇಟ್ಟು ಹಿಂದೆ ನಿಲ್ಲಬೇಕು, ಆ ಕಾಯಿನ್ ಯಾರೂ ಮುಟ್ಟಬಾರದು. ಯಾರೂ ಬರೆದಿಡದ ಈ ಕಾನೂನುಗಳನ್ನು ಎಲ್ಲರೂ ಪಾಲಿಸುತ್ತಿದ್ದರು. ಪಕ್ಕದವನ ಜಾತಿ, ಮತ, ಊರು ಯಾವುದೂ ಗೊತ್ತಿರಬೇಕಾದ ಅಗತ್ಯ ಇರಲಿಲ್ಲ. ಗೊತ್ತಾದರೂ ಆಟ ನಿಲ್ಲಿಸಲಿಕ್ಕೆ ಆಗುತ್ತಿರಲಿಲ್ಲ, ಕಾಯಿನ್ ಒಳಗೆ ಹೋಗಿ ಆಗಿತ್ತಲ್ಲ.

ಈ ಅಂಗಡಿಗಳನ್ನು ಸರ್ಕಾರ ಏನಂತ ನೋಡಿತು? ಜೂಜುಕಟ್ಟೆ ಅಂತ. ಇದರ ಚರಿತ್ರೆಯಲ್ಲಿ ಕರ್ನಾಟಕಕ್ಕೇ ದೊಡ್ಡ ಜಾಗ ಉಂಟು. ಬೆಂಗಳೂರಿನಲ್ಲಿ ವಿಡಿಯೊ ಗೇಮ್ ಪಾರ್ಲರ್‌ಗಳಿಗೆ ಪೊಲೀಸ್ ಪರವಾನಗಿ ಬೇಕು ಅನ್ನುವ ಆದೇಶದ ವಿರುದ್ಧ ಮಾಲೀಕರು ಕೋರ್ಟಿಗೆ ಹೋದರು. ಶಿವಾನಿ ಪ್ರಕರಣ ಅಂತಲೇ ಕಾನೂನು ವಿದ್ಯಾರ್ಥಿಗಳು ಇವತ್ತಿಗೂ ಓದುವ ಆ ಕೇಸಿನಲ್ಲಿ, 1995ರಲ್ಲಿ ಸುಪ್ರೀಂ ಕೋರ್ಟ್ ಸರ್ಕಾರದ ಪರವಾಗಿ ನಿಂತಿತು. ಅಲ್ಲಿದ್ದ ಮೆಷಿನ್‌ಗಳ ಪೈಕಿ ನಿಜಕ್ಕೂ ಜೂಜಿನವು ಇದ್ದವು, ಆ ಮಟ್ಟಿಗೆ ತೀರ್ಪಿನಲ್ಲಿ ತಪ್ಪು ಹುಡುಕುವುದು ಕಷ್ಟ. ಆದರೆ ಅಲ್ಲಿಂದ ಮುಂದೆ ಈ ದೇಶದಲ್ಲಿ ವಿಡಿಯೊ ಗೇಮ್ ಬಗ್ಗೆ ಕಾನೂನು ಕೇಳುವ ಪ್ರಶ್ನೆ ಒಂದೇ ಆಯಿತು: ಇದು ಕೌಶಲದ್ದೋ, ಅದೃಷ್ಟದ್ದೋ?

ಮೂವತ್ತು ವರ್ಷ ಅದೇ ಪ್ರಶ್ನೆ. 2021ರಲ್ಲಿ ಬಿಜೆಪಿ ಸರ್ಕಾರ ಕರ್ನಾಟಕ ಪೊಲೀಸ್ ಕಾಯ್ದೆಗೆ ತಿದ್ದುಪಡಿ ತಂದು ಆನ್‌ಲೈನ್ ಹಣದ ಆಟ ನಿಷೇಧಿಸಿತು. 2022ರ ಫೆಬ್ರವರಿ 14ಕ್ಕೆ ಹೈಕೋರ್ಟ್ ಅದರ ಮುಖ್ಯ ಭಾಗಗಳನ್ನು ರದ್ದು ಮಾಡಿತು, ಕೌಶಲ-ಅದೃಷ್ಟದ ವ್ಯತ್ಯಾಸವನ್ನೇ ಹಿಡಿದು. 2025ರ ಕೇಂದ್ರ ಕಾಯ್ದೆ ಆ ವ್ಯತ್ಯಾಸವನ್ನೇ ಅಳಿಸಿ, ಹಣ ಕಟ್ಟಿದರೆ ಎರಡೂ ಒಂದೇ ಅಂದಿತು. ಅದನ್ನು ಮೊದಲು ಪ್ರಶ್ನಿಸಿದ್ದೂ ಕರ್ನಾಟಕ ಹೈಕೋರ್ಟಿನಲ್ಲಿ, ರಮ್ಮಿ ಕಂಪೆನಿಯೊಂದು. ಸೆಪ್ಟೆಂಬರ್‌ನಲ್ಲಿ ಬೇರೆಬೇರೆ ಹೈಕೋರ್ಟ್‌ಗಳ ಕೇಸುಗಳನ್ನು ಸುಪ್ರೀಂ ಕೋರ್ಟ್ ತನಗೇ ವರ್ಗ ಮಾಡಿಕೊಂಡಿತು. ವಕೀಲರು, ಕಂಪೆನಿಗಳು, ಮಂತ್ರಿಗಳು, ಎಲ್ಲರೂ ಹಣದ ಸುತ್ತ. ಹುಡುಗರು ಆಡುವುದು ಎಲ್ಲಿ, ಯಾರ ಜೊತೆ ಅನ್ನುವ ಪ್ರಶ್ನೆ ಒಂದು ಕಡತದಲ್ಲೂ ಇಲ್ಲ.

ಬೇರೆ ಜಿಲ್ಲೆಯವರಿಗೆ ಇದು ಸಣ್ಣ ಪ್ರಶ್ನೆ ಅನ್ನಿಸಬಹುದು. ದಕ್ಷಿಣ ಕನ್ನಡದಲ್ಲಿ ಅಲ್ಲ. ಇಲ್ಲಿ ಮೂವತ್ತು ವರ್ಷಗಳಿಂದ ನಡೆದಿರುವ ರಾಜಕೀಯದ ದೊಡ್ಡ ಕೆಲಸವೇ ಜನ ಆಕಸ್ಮಿಕವಾಗಿ ಸೇರುವ ಜಾಗಗಳನ್ನು ಒಂದೊಂದಾಗಿ ಮುಚ್ಚುವುದು. ಬಸ್ಸಿನಲ್ಲಿ ಪಕ್ಕ ಕೂತವರ ಹೆಸರು ಕೇಳುವುದು, ಐಸ್‌ಕ್ರೀಮ್ ಪಾರ್ಲರ್‌ನಲ್ಲಿ ಒಟ್ಟಿಗೆ ಕಂಡವರ ಐಡಿ ಕಾರ್ಡ್ ನೋಡುವುದು ಹಳೆ ವಿಷಯ. 2022ರ ಮಾರ್ಚ್-ಏಪ್ರಿಲ್‌ನಲ್ಲಿ ಅದು ಜಾತ್ರೆಗೆ ಬಂತು. ಕರಾವಳಿಯ ದೇವಸ್ಥಾನಗಳ ಜಾತ್ರೆಯಲ್ಲಿ ಮುಸ್ಲಿಂ ವ್ಯಾಪಾರಿಗಳಿಗೆ ಜಾಗ ಇಲ್ಲ ಅಂತ ಬ್ಯಾನರ್ ಬಿತ್ತು. ಪುತ್ತೂರು ಮಹಾಲಿಂಗೇಶ್ವರ ದೇವಸ್ಥಾನದ ಜಾತ್ರೆ ಗದ್ದೆಯ ಅಂಗಡಿ ಏಲಂ ಕೂಡ ಆ ವರ್ಷ ಹಿಂದೂಗಳಿಗೆ ಮಾತ್ರ ಅಂತ ಆಯಿತು. ಜಾತ್ರೆ ಅಂದರೆ ದೇವರು ಎಷ್ಟೋ, ಚರುಮುರಿ, ಬಲೂನಿಗೆ ಗುರಿ ಇಡುವ ಅಂಗಡಿ, ತೊಟ್ಟಿಲು ಅಷ್ಟೇ. ಮಕ್ಕಳಿಗೆ ಗೊತ್ತಿರುವ ಜಾತ್ರೆ ಅದು. ಅದೇ ವರ್ಷ ಸುಳ್ಯದ ಕಾಲೇಜೊಂದರಲ್ಲಿ, ಬೇರೆ ಧರ್ಮದ ಸಹಪಾಠಿ ಜೊತೆ ಸ್ನೇಹ ಅನ್ನುವ ಕಾರಣಕ್ಕೆ ವಿದ್ಯಾರ್ಥಿಯೊಬ್ಬನಿಗೆ ವಿದ್ಯಾರ್ಥಿಗಳೇ ಹೊಡೆದರು. ಅದೇ ವರ್ಷದ ಜುಲೈಯಲ್ಲಿ ಸುಳ್ಯ ತಾಲೂಕಿನ ಬೆಳ್ಳಾರೆ ಕಡೆ ಇಬ್ಬರು, ಸುರತ್ಕಲ್‌ನಲ್ಲಿ ಒಬ್ಬ, ಹತ್ತೇ ದಿನದಲ್ಲಿ ಮೂರು ಯುವಕರ ಜೀವ ಹೋಯಿತು.

ಆಮೇಲೆ 2025. ಏಪ್ರಿಲ್ 27ಕ್ಕೆ ಮಂಗಳೂರಿನ ಕುಡುಪು ಬಳಿ, ಲೋಕಲ್ ಕ್ರಿಕೆಟ್ ಟೂರ್ನಿ ನಡೆಯುತ್ತಿದ್ದ ಮೈದಾನದ ಹತ್ತಿರ, ಗುಜರಿ ಹೆಕ್ಕಿ ಬದುಕುತ್ತಿದ್ದ ವಯನಾಡು ಮೂಲದ ಮುಸ್ಲಿಂ ಯುವಕನನ್ನು ಗುಂಪು ಸೇರಿ ಹೊಡೆದು ಕೊಂದರು. ಪೊಲೀಸರು ಮೊದಲು ಅದನ್ನು ಅಸಹಜ ಸಾವು ಅಂತ ಬರೆದುಕೊಂಡರು, ಆಮೇಲೆ ಠಾಣೆಯ ಮೂವರು ಸಸ್ಪೆಂಡ್ ಆದರು. ಮೇ ತಿಂಗಳಲ್ಲಿ ಜಿಲ್ಲೆಯಲ್ಲಿ ಮತ್ತೆರಡು ಕೊಲೆ. ಜೂನ್‌ನಲ್ಲಿ ಸರ್ಕಾರ ದಕ್ಷಿಣ ಕನ್ನಡ, ಉಡುಪಿ, ಶಿವಮೊಗ್ಗಕ್ಕೆ ಕೋಮು ಹಿಂಸೆ ತಡೆಗೆ ವಿಶೇಷ ಕಾರ್ಯಪಡೆ ಮಾಡಿತು. ಡಿಸೆಂಬರ್‌ನ ಬೆಳಗಾವಿ ಅಧಿವೇಶನದಲ್ಲಿ ದ್ವೇಷ ಭಾಷಣ ತಡೆ ಮಸೂದೆಗೆ ಒಪ್ಪಿಗೆ ಪಡೆಯಿತು.

ಕುಡುಪು ಪ್ರಕರಣದ ಜಾಗವನ್ನು ಗಮನಿಸಿ. ಅದು ಆಟದ ಮೈದಾನ. ಹೊಡೆದರು ಅಂತ ಆರೋಪ ಹೊತ್ತವರು ಆಟಕ್ಕೆ ಬಂದವರು. ಆಟದ ಜಾಗ ತಾನಾಗಿಯೇ ಜನರನ್ನು ಒಂದು ಮಾಡುತ್ತದೆ ಅಂತ ನಂಬಿದವರು ಇದಕ್ಕೆ ಉತ್ತರ ಕೊಡಬೇಕು. ನನ್ನ ಉತ್ತರ: ನಮ್ಮ ಕಡೆಯ ಕ್ರಿಕೆಟ್ ಟೂರ್ನಿಗಳು ಎಷ್ಟೋ ಕಡೆ ಈಗ 'ನಮ್ಮವರ' ಟೂರ್ನಿಗಳು. ಜಾತಿಗೊಂದು, ಸಂಘಟನೆಗೊಂದು ಟ್ರೋಫಿ, ಅಂಗಿ ಮೇಲೆ ಸಂಘದ ಹೆಸರು. ಒಂದೇ ಗುಂಪಿನವರು ಸೇರುವ ಮೈದಾನಕ್ಕೆ ಹೊರಗಿನವನು ಬಂದಾಗ ಅವನು ಸಹ ಆಟಗಾರ ಅಲ್ಲ, ಶಂಕಿತ. ವಿಡಿಯೊ ಗೇಮ್ ಅಂಗಡಿಯಲ್ಲಿ ಅಂಥ ಸಂಘ ಕಟ್ಟುವುದು ಆಗದ ಮಾತು. ಅಲ್ಲಿಗೆ ಬಂದವರೆಲ್ಲ ಹೊರಗಿನವರೇ.

ಈ ಅಂಗಡಿಗಳಿಗೆ ನಾನು ಹಾರ ಹಾಕುತ್ತಿಲ್ಲ, ಇದನ್ನೂ ಹೇಳಬೇಕು. ಪರದೆ ಮೇಲೆ ಹ್ಯಾನಾ ಇದ್ದಳು, ಪರದೆ ಮುಂದೆ ಹುಡುಗಿಯರು ಇರಲಿಲ್ಲ. ಒಬ್ಬಳಾದರೂ ಒಳಗೆ ಕಾಲಿಟ್ಟರೆ ಏನಾಗುತ್ತಿತ್ತು ಅಂತ ಬಿಡಿಸಿ ಹೇಳಬೇಕಾಗಿಲ್ಲ. ಸಿಗರೇಟ್ ಹೊಗೆ ಇತ್ತು, ಚಿಕ್ಕವರ ಜೇಬಿಂದ ಕಾಯಿನ್ ಕಿತ್ತುಕೊಳ್ಳುವ ದೊಡ್ಡವರಿದ್ದರು. ಮತ್ತೆ ಒಂದು ರೂಪಾಯಿ ಅಂದರೆ ಆಗ ಒಂದು ರೂಪಾಯಿಯೇ. ಕೂಲಿ ಮಾಡುವ ದಲಿತ ಮನೆಯ ಹುಡುಗನಿಗೆ ಆ ಅಂಗಡಿ ಬಾಗಿಲಲ್ಲಿ ನಿಂತು ನೋಡುವ ಜಾಗ ಆಗಿತ್ತು ಹೊರತು ಆಡುವ ಜಾಗ ಆಗಿರಲಿಲ್ಲ. ಎಲ್ಲರದ್ದು ಅನ್ನುವ ಮಾತಿನಲ್ಲಿ ಅರ್ಧ ಜನ ಬಿಟ್ಟುಹೋಗಿದ್ದಾರೆ.

ಅಂಗಡಿಗಳನ್ನು ಮುಚ್ಚಿಸಿದ್ದು ಪೊಲೀಸರೂ ಅಲ್ಲ, ಸಂಘಟನೆಗಳೂ ಅಲ್ಲ. ಮೊದಲು ಮನೆಗೆ ಬಂದ ಅಗ್ಗದ ಟಿವಿ ಗೇಮ್, ಆಮೇಲೆ ಸೈಬರ್ ಸೆಂಟರ್, ಕೊನೆಗೆ 2016ರ ಜಿಯೊ. ಯಂತ್ರ ಅಗ್ಗವಾದ ಕೂಡಲೇ ಒಟ್ಟಿಗೆ ನಿಲ್ಲಬೇಕಾದ ಅನಿವಾರ್ಯ ಹೋಯಿತು. ಈಗಿನ ಹುಡುಗ ಬಿಜಿಎಂಐ ಆಡುವುದೂ ನಾಲ್ವರ ಸ್ಕ್ವಾಡ್‌ನಲ್ಲೇ, ಒಪ್ಪುತ್ತೇನೆ. ಆದರೆ ಆ ನಾಲ್ವರನ್ನು ಅವನೇ ಆರಿಸಿಕೊಂಡಿರುತ್ತಾನೆ, ಹೆಚ್ಚಾಗಿ ಅದೇ ವಾಟ್ಸಾಪ್ ಗುಂಪಿನವರು. ಅಪರಿಚಿತ ಬಂದರೂ ಅವನಿಗೆ ಮುಖ ಇಲ್ಲ, ಬರೀ ಒಂದು ಐಡಿ. ಇಷ್ಟ ಆಗಲಿಲ್ಲವಾ, ಮ್ಯೂಟ್. ಮುಸ್ತಫಾ ಕೂಡ ಈಗ ಫೋನಿನಲ್ಲಿ ಸಿಗುತ್ತದೆ, ಯಾರೋ ಎಲ್ಲಿಂದಲೋ ಹಾಕಿದ ಎಪಿಕೆ ಫೈಲಾಗಿ. ಬಟನ್ ಒತ್ತಿದಷ್ಟೂ ಕಾಯಿನ್. ಕಾಯುವುದು ಇಲ್ಲ, ತಿಂಡಿ ಬಿಟ್ಟುಕೊಡುವುದು ಇಲ್ಲ. ಅರ್ಧ ಗಂಟೆಗೆ ಬೋರ್ ಬರ್ತದೆ. ಸತ್ಯ ಹೇಳಬೇಕೆಂದರೆ, ಒಬ್ಬನೇ ಆಡಿದರೆ ಅದು ಅಂಥ ದೊಡ್ಡ ಆಟ ಏನೂ ಅಲ್ಲ.

ಹಾಗಾದರೆ ಈಗ ಮಾಡುವುದೇನು? ಹಿಂದೆ ಬಡತನ ಮಾಡಿಸಿದ್ದನ್ನು ಈಗ ಯಾರಾದರೂ ಬೇಕೆಂದೇ ಮಾಡಬೇಕು. ರಾಜ್ಯ ಸರ್ಕಾರಕ್ಕೆ 2024ರಿಂದ 2029ರವರೆಗಿನ ಆ್ಯನಿಮೇಶನ್-ಗೇಮಿಂಗ್ ನೀತಿ ಉಂಟು. ಇಂಥ ನೀತಿಯನ್ನು 2012ರಲ್ಲೇ ದೇಶದಲ್ಲಿ ಮೊದಲು ತಂದ ರಾಜ್ಯ ನಮ್ಮದು. ಓದಿದರೆ ಉದ್ಯೋಗ, ರಫ್ತು, ಸ್ಟಾರ್ಟಪ್, ಹೂಡಿಕೆ. ಆ ಉದ್ಯೋಗದ ಗಟ್ಟಿತನ ಎಷ್ಟು ಅಂತ 2025ರ ಫೆಬ್ರವರಿಯಲ್ಲಿ ಗೊತ್ತಾಯಿತು. ಹೊರದೇಶದ ಸಿನಿಮಾ, ಕಾರ್ಟೂನುಗಳಿಗೆ ಕೆಲಸ ಮಾಡುತ್ತಿದ್ದ ಟೆಕ್ನಿಕಲರ್ ಯುರೋಪಿನಲ್ಲಿ ದಿವಾಳಿ ಆದದ್ದಕ್ಕೆ ಬೆಂಗಳೂರಿನಲ್ಲಿ ಸಾವಿರಾರು ಕಲಾವಿದರ ಕೆಲಸ ಒಂದೇ ವಾರದಲ್ಲಿ ಹೋಯಿತು. ಹಳ್ಳಿಯ ಮಕ್ಕಳು ಆಡುವವರು ಅನ್ನುವ ಲೆಕ್ಕ ಆ ನೀತಿಯ ಕಣ್ಣಿಗೆ ಬೀಳುವುದಿಲ್ಲ. ಕೇಂದ್ರದ ಕಾಯ್ದೆ ಪ್ರೋತ್ಸಾಹಿಸುವ ಇ-ಸ್ಪೋರ್ಟ್ಸ್ ಕೂಡ ಚಾಂಪಿಯನ್‌ಗಳನ್ನು ಹುಡುಕುವ ವ್ಯವಸ್ಥೆ, ಸಂಜೆ ನಾಲ್ಕರ ಮೇಲೆ ಹುಡುಗರನ್ನು ಒಟ್ಟು ಸೇರಿಸುವ ವ್ಯವಸ್ಥೆ ಅಲ್ಲ.

ಕೈಯಲ್ಲೇ ಇರುವುದು ಬೇರೊಂದು. ಕರ್ನಾಟಕದ ಐದು ಸಾವಿರಕ್ಕೂ ಹೆಚ್ಚು ಗ್ರಾಮ ಪಂಚಾಯತ್‌ಗಳ ಗ್ರಂಥಾಲಯಗಳನ್ನು ಪಂಚಾಯತ್ ರಾಜ್ ಇಲಾಖೆ ಈಚಿನ ವರ್ಷಗಳಲ್ಲಿ 'ಅರಿವು ಕೇಂದ್ರ' ಅಂತ ಮಾಡಿದೆ. ಎಷ್ಟೋ ಕಡೆ ಕಂಪ್ಯೂಟರ್, ಟಿವಿ, ಚೆಸ್, ಕೇರಂ ಬಂದಿವೆ. ಮಕ್ಕಳಿಗೆ ಸದಸ್ಯತ್ವ ಉಚಿತ, ಜಾತಿ-ಧರ್ಮ ಕೇಳುವ ಬೋರ್ಡು ಇಲ್ಲ, ಹುಡುಗಿಯರೂ ಬರುತ್ತಾರೆ. ಹಳೆ ಅಂಗಡಿಯಲ್ಲಿ ಇಲ್ಲದ್ದೆಲ್ಲ ಅಲ್ಲಿ ಉಂಟು. ಇಲ್ಲದ್ದು ಒಂದೇ, ಹದಿನಾಲ್ಕರ ಹುಡುಗನೊಬ್ಬ ಯಾರೂ ಕರೆಯದೆ ತಾನಾಗಿ ಓಡಿ ಬರುವ ಕಾರಣ. ಕೇರಂ ಬೋರ್ಡು ಆ ಕೆಲಸ ಸ್ವಲ್ಪ ಮಾಡುತ್ತಿದೆ, ಪುಸ್ತಕದ ಕಪಾಟು ಇನ್ನೂ ಸ್ವಲ್ಪ ಕಡಿಮೆ. ಒಂದೇ ಪರದೆಯಲ್ಲಿ ಹಲವರು ಸೇರಿ ಆಡುವ ಒಂದು ಗೇಮ್ ಇಟ್ಟರೆ ಗ್ರಂಥಪಾಲಕರಿಗೆ ಗಲಾಟೆ ತಲೆನೋವು ಖಂಡಿತ, ಹೆತ್ತವರ ಬೈಗುಳವೂ ಖಂಡಿತ. ಆದರೆ ಸರದಿ ನಿಲ್ಲುವವರ ಸಾಲೂ ಖಂಡಿತ. ಕೋಮು ಹಿಂಸೆ ತಡೆಗೆ ಪಡೆ ಕಟ್ಟುವುದು ಸರಿ, ಆ ಖರ್ಚಿನ ಪಕ್ಕದಲ್ಲಿ ಈ ಖರ್ಚನ್ನೂ ಒಮ್ಮೆ ಇಟ್ಟು ನೋಡಲಿ.

ಮುಸ್ತಫಾನನ್ನೇ ಇಡೋಣ ಅಂದರೆ ಮಾತ್ರ ಆಗುವುದಿಲ್ಲ. ಕ್ಯಾಪ್ಕಾಮ್ 2018ರಲ್ಲಿ ತನ್ನ ಹಳೆಯ ಏಳು ಹೊಡೆದಾಟದ ಗೇಮ್‌ಗಳನ್ನು ಒಟ್ಟು ಮಾಡಿ ಮತ್ತೆ ಮಾರಾಟಕ್ಕೆ ತಂದಿತು, ಅದರಲ್ಲಿ ಇದು ಇಲ್ಲ. ಪಾತ್ರಗಳು ಕಂಪೆನಿಯ ಸ್ವಂತದ್ದಲ್ಲ, ಕಾಮಿಕ್ಸಿನಿಂದ ಬಂದವು. ಮೂರು ದೇಶದ ಕೋಟ್ಯಂತರ ಹುಡುಗರು ಆಡಿದ ಆಟ ಇವತ್ತು ಕಾನೂನುಬದ್ಧವಾಗಿ ದುಡ್ಡು ಕೊಟ್ಟರೂ ಸಿಗುವುದಿಲ್ಲ. ಅದೇ ಜಾತಿಯ ಇನ್ನೊಂದು, ನಿಂಜಾ ಟರ್ಟಲ್ಸ್ ಕಾರ್ಟೂನ್ ಆಧರಿಸಿದ 'ಶ್ರೆಡರ್ಸ್ ರಿವೆಂಜ್', 2022ರಲ್ಲಿ ಬಂದಿದೆ, ಕೆನಡಾದ ಒಂದು ಸಣ್ಣ ಸ್ಟುಡಿಯೊ ಮಾಡಿದ್ದು. ಸಾಧಾರಣ ಕಂಪ್ಯೂಟರಿನಲ್ಲಿ ಓಡುತ್ತದೆ, ಆರು ಜನ ಒಂದೇ ಪರದೆಯಲ್ಲಿ ಆಡಬಹುದು. ಪಂಚಾಯತ್‌ನ ಬಜೆಟ್ ಪುಸ್ತಕದಲ್ಲಿ ಗ್ರಂಥಾಲಯಕ್ಕೆ ಪುಸ್ತಕ, ಪೀಠೋಪಕರಣ, ಪತ್ರಿಕೆಗೆ ಲೆಕ್ಕ ಶೀರ್ಷಿಕೆ ಇರುತ್ತದೆ. ಆರು ಕಂಟ್ರೋಲರ್‌ಗಳನ್ನು ಯಾವ ಶೀರ್ಷಿಕೆಯಡಿ ಬರೆಯುವುದು ಅಂತ ಪಿಡಿಒ ಅವರನ್ನು ಮುಂದಿನ ಗ್ರಾಮಸಭೆಯಲ್ಲಿ ಕೇಳಿ ನೋಡಬೇಕು.